ಬೇರೊಬ್ಬಳ ಬಾಯಲ್ಲಿ ಸೊಲಾಂಜ್

ಹೆಂಡತಿಯನ್ನು ಮಣ್ಣು ಮಾಡಿ ಇನ್ನೂ ವಾರ ಕಳೆದಿರಲಿಲ್ಲ, ಲೆಯೊಂಸ್ ಬಾರ್ಡೂ ಸಿನಿಮಾಕ್ಕೆ ಹೋದ. ತೋಳಿಗೆ ಶೋಕದ ಕರಿಪಟ್ಟಿ ಕಟ್ಟಿಕೊಂಡೇ ಮ್ಯಾಟಿನಿ ಟಿಕೆಟ್ಟಿನ ಸಾಲಿನಲ್ಲಿ ನಿಂತಿದ್ದ. ಪ್ಯಾರಿಸ್ಸಿನ ಬೆಲ್‌ವಿಲ್ಲಿನಂಥ ಕೇರಿಯಲ್ಲಿ ಇದು ಮುಚ್ಚಿಡಲಾಗುವ ಸಂಗತಿಯೇ ಅಲ್ಲ. ಬ್ರೆಡ್ ಅಂಗಡಿಯ ಮುಂದೆ ಹೆಂಗಸರು ತಲೆಗೆ ತಲೆ ಕೊಟ್ಟು ಪಿಸುಗುಟ್ಟಿದರು. ಅವನು ಮನೆ ಮುಟ್ಟುವ ಮೊದಲೇ ಸುದ್ದಿ ಅವನ ಅತ್ತೆಯ ಕಿವಿ ಮುಟ್ಟಿತ್ತು. ಮಗಳು ಸತ್ತಾಗಿನಿಂದ ಮೊಮ್ಮಗುವನ್ನು ನೋಡಿಕೊಳ್ಳಲು ಬಂದು ಅಲ್ಲೇ ನಿಂತಿದ್ದ ಮದಾಂ ಗೊಬೇರ್ ಅಡುಗೆಮನೆಯಲ್ಲಿ ಆಲೂಗಡ್ಡೆ ಸುಲಿಯುತ್ತ ಅಳಿಯನಿಗಾಗಿ ಕಾದಿದ್ದಳು.

“ಏನ್ ಅಳಿಯಂದ್ರೇ, ಪಿಕ್ಚರ್ ಚೆನ್ನಾಗಿತ್ತಾ?”

ಲೆಯೊಂಸ್ ಹ್ಯಾಟನ್ನೂ ತೆಗೆಯದೆ ನಿಂತ.

“ನನ್ನ ಮಗಳ ಗೋರಿ ಮೇಲಿನ ಹೂವಿನ್ನೂ ಬಾಡಿಲ್ಲ. ‘ನಿಮ್ಮಳಿಯ ಬಲು ಬೇಗ ಸುಧಾರಿಸ್ಕೊಂಡ್ರಲ್ಲ’ ಅಂತ ಜನ ನನ್ನ ಮುಖಕ್ಕೇ ಹೇಳ್ತಿದಾರೆ. ನಾನೇನು ಉತ್ತರ ಕೊಡ್ಲಿ?”

“ಸೊಲಾಂಜ್ ಹಾಡ್ತಾಳಲ್ಲ ಅತ್ತೆ, ಆ ಪಿಕ್ಚರ್,” ಎಂದ ಅವನು. “ಇನ್ನೂ ಓಡ್ತಿದೆ.”

ಮಗಳ ಹೆಸರು ಕೇಳಿ ಮುದುಕಿಯ ಕೈಲಿದ್ದ ಚಾಕು ನಿಂತಿತು. ಸಿಪ್ಪೆ ಅರ್ಧಕ್ಕೇ ನೇತಾಡುತ್ತಿತ್ತು. ತಲೆಯೆತ್ತದೆಯೇ ಕೇಳಿದಳು: “ಚೆನ್ನಾಗಿ ಕೇಳ್ಸತ್ತಾ?”

“ಚೆನ್ನಾಗಿ ಕೇಳ್ಸತ್ತೆ.”

ಆಮೇಲೆ ಆಕೆ ಆ ಮಾತು ತೆಗೆಯಲಿಲ್ಲ.

ಲೆಯೊಂಸ್ ದಕ್ಷಿಣದ ಕಡಲ ತೀರದವನು, ಸೆತ್ ಬಂದರಿನಲ್ಲಿ ದ್ರಾಕ್ಷಾರಸದ ಪೀಪಾಯಿ ಮಾಡುವವನ ಮಗ. ಮೀಸೆ ಮೂಡುವ ಮೊದಲೇ ಊರಿನ ಮೂಕಿ ಚಿತ್ರಮಂದಿರದಲ್ಲಿ ಪರದೆಯ ಕೆಳಗೆ ಕೂತು ಪಿಯಾನೊ ನುಡಿಸುತ್ತಿದ್ದ. ಕುದುರೆ ಓಡಿದರೆ ಕುದುರೆಯ ನಡೆ, ತಾಯಿ ಸತ್ತರೆ ತಾಯಿ ಸತ್ತ ರಾಗ. ಕತ್ತೆತ್ತಿ ಪರದೆ ನೋಡಿ ನೋಡಿ ಕುತ್ತಿಗೆ ಒಂದು ಬದಿಗೆ ವಾಲಿದ್ದು ಜೀವಮಾನವಿಡೀ ನೆಟ್ಟಗಾಗಲಿಲ್ಲ. ಸಿನಿಮಾಕ್ಕೆ ಮಾತು ಬಂದ ಮೇಲೆ ಮಾಲೀಕ ಪಿಯಾನೊವನ್ನು ಮಾರಿಬಿಟ್ಟ. ಲೆಯೊಂಸ್ ಪ್ಯಾರಿಸ್ಸಿನ ರೈಲು ಹತ್ತಿದ. ಕಫೆಗಳಲ್ಲಿ ನುಡಿಸಿದ. ಹೆಸರುವಾಸಿ ಸಂಗೀತಗಾರರು ಗುನುಗಿಕೊಟ್ಟ ರಾಗಗಳನ್ನು ವಾದ್ಯಗಳಿಗೆ ಹಂಚಿದ. ಅವರು ಜ್ವರ ಬಂದು ಮಲಗಿದಾಗ ಅವರ ಹೆಸರಿನಲ್ಲಿ ತಾನೇ ಬರೆದ. ಒಪೆರಾ ಮೇಳದ ಹಿಂದಿನ ಸಾಲಿನಲ್ಲಿ ಹಾಡುತ್ತಿದ್ದ ಸೊಲಾಂಜ್ ಗೊಬೇರಳನ್ನು ಕಂಡದ್ದು ಆ ದಿನಗಳಲ್ಲೇ. ಕಂಡದ್ದು ಅನ್ನುವುದಕ್ಕಿಂತ ಕೇಳಿದ್ದು ಅನ್ನಬೇಕು. ನಲವತ್ತು ಕಂಠಗಳ ನಡುವೆ ಒಂದು ಕಂಠ ಬೇರೆಯಾಗಿ ಕೇಳಿತು, ಅದು ಯಾರದೆಂದು ಹುಡುಕುತ್ತ ಹೋದ. ಮುಂದಿನ ಎರಡು ಹಲ್ಲುಗಳ ನಡುವೆ ಸಂದಿಯಿದ್ದ, ಗಟ್ಟಿಯಾಗಿ ನಗುವ ಹುಡುಗಿ ಸಿಕ್ಕಳು.

ಮದುವೆಯಾದ ಮರುವರ್ಷವೇ ಯುದ್ಧ ಬಂದು ಅವನನ್ನು ಎಳೆದುಕೊಂಡು ಹೋಯಿತು. ಜರ್ಮನಿಯ ಸೆರೆಶಿಬಿರದಲ್ಲಿ ಐದು ವರ್ಷ ಬೀಟ್‌ರೂಟ್ ಅಗೆದ. ಕಡ್ಡಿಯಂತಾಗಿ ಮರಳಿ ಬಂದು ಬಾಗಿಲು ಬಡಿದಾಗ ತೆಗೆದವಳು ಸೊಲಾಂಜಳೇ.

“ಬೂಟು ಹೊರಗೇ ಬಿಡು, ಈಗ್ತಾನೆ ನೆಲ ಒರೆಸಿದೀನಿ,” ಅಂದಳು. ಆಮೇಲೆ ಒರೆಸಿದ ನೆಲದ ಮೇಲೆಯೇ ಕುಸಿದು ಕೂತು ಅತ್ತಳು.

ಮರುವರ್ಷ ಒಡೀಲ್ ಹುಟ್ಟಿದಳು. ಅದರ ಮರುವರ್ಷ ಲೆಯೊಂಸನಿಗೆ ತನ್ನ ಹೆಸರಿನಲ್ಲೇ ಸಂಗೀತ ಬರೆಯಲು ಒಂದು ದೊಡ್ಡ ಚಿತ್ರ ಸಿಕ್ಕಿತು. ನಿರ್ದೇಶಕ ಕೆರಾಂಬ್ರುನ್, ಬ್ರಿಟನಿ ಕಡೆಯವನು, ಕೆಂಪು ಮುಖದ ಗುಡುಗು ದನಿಯ ಆಸಾಮಿ. ಚಿತ್ರದ ಹೆಸರು ‘ಆಗರದ ವಿಧವೆ’. ಉಪ್ಪಿನ ಆಗರದ ಹೆಂಗಸೊಬ್ಬಳು ಕಡಲಿಗೆ ಹೋದ ಗಂಡನಿಗಾಗಿ ದಿನಾ ಸಂಜೆ ದಂಡೆಯ ಮೇಲೆ ನಿಂತು ಹಾಡುತ್ತಾಳೆ. ಕೊನೆಗೊಂದು ದಿನ ಕಡಲು ಅವನನ್ನು ಕಳಿಸಿಕೊಡುತ್ತದೆ, ಆದರೆ ಬದುಕಿರುವವನನ್ನಲ್ಲ. ಇಡೀ ಚಿತ್ರ ನಿಂತದ್ದು ಆ ಹಾಡಿನ ಮೇಲೆ. ನಾಯಕಿ ಎಡ್ಮೇ ಸೊರ್ವಿಲ್‌ಳದು ಕ್ಯಾಮೆರಾಕ್ಕೆಂದೇ ಮಾಡಿದಂಥ ಮುಖ. ಗಂಟಲು ಮಾತ್ರ ತುಕ್ಕು ಹಿಡಿದ ಬಾಗಿಲಿನ ಕೀಲು.

“ಮುಖ ನನ್ಹತ್ರ ಇದೆ,” ಅಂದ ಕೆರಾಂಬ್ರುನ್. “ಗಂಟಲು ಎಲ್ಲಿಂದಾದ್ರೂ ನೀನೇ ಹೊಂದಿಸ್ಕೊಡು ಮಾರಾಯ.”

ಲೆಯೊಂಸ್ ಅದನ್ನು ಮನೆಯಿಂದಲೇ ತಂದ.

ಹಾಡು ಮುದ್ರಿಸಿದ್ದು ಕೊರೆಯುವ ಚಳಿಗಾಲದಲ್ಲಿ. ಸ್ಟುಡಿಯೋದಲ್ಲಿ ಕಲ್ಲಿದ್ದಲಿಲ್ಲ, ಕರೆಂಟು ಯಾವಾಗ ಹೋಗುತ್ತದೋ ಹೇಳುವಂತಿಲ್ಲ. ವಯೊಲಿನ್‌ನವರು ಬೆರಳು ಕತ್ತರಿಸಿದ ಕೈಗವಸು ಹಾಕಿಕೊಂಡು ನುಡಿಸಿದರು. ಸೊಲಾಂಜ್ ಗಂಡನ ಓವರ್‌ಕೋಟು ಹೊದ್ದು ಮೈಕಿನ ಮುಂದೆ ನಿಂತಳು. ಎರಡನೆಯ ಚರಣಕ್ಕೆ ಮುಂಚೆ, ಆ ಚಳಿ ಒಮ್ಮೆಗೇ ಎದೆಗೆ ನುಗ್ಗಿದಂತೆ, ಅವಳ ಉಸಿರು ಸುಯ್ಯೆಂದು ಕೇಳಿಸಿತು. ಶಬ್ದಗ್ರಾಹಕ ಕೈಯೆತ್ತಿ ನಿಲ್ಲಿಸಿದ.

“ಉಸಿರು ಮೈಕಿಗೆ ಬಿತ್ತು. ಇನ್ನೊಂದ್ಸಲ ಮಾಡೋಣ.”

“ಏನೂ ಬೇಡ, ಇರ್ಲಿ ಬಿಡ್ರೀ,” ಎಂದು ಕೆರಾಂಬ್ರುನ್ ಗುಡುಗಿದ. “ಉಪ್ಪು ಹೊರೋ ಹೆಂಗಸು ಉಸಿರಾಡಲ್ವೇನು?”

ಉಸಿರು ಹಾಗೇ ಉಳಿಯಿತು. ಎಡ್ಮೇ ಆ ಮುದ್ರಣದ ತಟ್ಟೆಯನ್ನು ಮನೆಗೆ ಒಯ್ದು ಕೇಳಿ ಕೇಳಿ ಕಲಿತಳು. ಚಿತ್ರೀಕರಣದ ದಿನ ಲೌಡ್‌ಸ್ಪೀಕರಿನಲ್ಲಿ ಹಾಡು ಹಾಕಿದರು. ಆಕೆ ದಂಡೆಯ ಮೇಲೆ ನಿಂತು ತುಟಿಯಾಡಿಸಿದಳು. ಎರಡನೆಯ ಚರಣದ ಹತ್ತಿರ ಬಂದಾಗ ಆಕೆಯ ಭುಜ ಎದ್ದು, ಎದೆ ತುಂಬಿ, ಸೊಲಾಂಜಳ ಉಸಿರು ಆಕೆಯ ಮೈಯೊಳಗಿಂದಲೇ ಬಂದಂತಾಯಿತು. ಪಕ್ಕದಲ್ಲಿ ನೋಡುತ್ತ ನಿಂತಿದ್ದ ಸೊಲಾಂಜ್ ಗಂಡನ ಕೈ ಗಟ್ಟಿಯಾಗಿ ಹಿಡಿದುಕೊಂಡಳು.

“ಅಯ್ಯೋ ಲೆಯೊಂಸ್, ಇವ್ಳು ನನ್ನನ್ನೇ ಕದ್ದುಬಿಟ್ಲು ಕಣೋ,” ಎಂದು ನಕ್ಕಳು. ಅವಳ ಕೈ ತಣ್ಣಗಿತ್ತು.

ನಾಯಕಿಯೇ ಹಾಡಿದ್ದೆಂದು ಜನ ನಂಬಬೇಕೆಂದು ನಿರ್ಮಾಪಕ ಸೊಲಾಂಜಳ ಹೆಸರನ್ನು ಚಿತ್ರದಲ್ಲಿ ಹಾಕಿಸಲಿಲ್ಲ. ಜನ ನಂಬಿದರು. ಬೇಸಿಗೆಯ ಹೊತ್ತಿಗೆ ಮೂಲೆ ಮೂಲೆಯ ಅಕಾರ್ಡಿಯನ್ನಿನವರೂ ಅದನ್ನೇ ನುಡಿಸುತ್ತಿದ್ದರು. ಮಾಂಸದಂಗಡಿಯ ಮೆಸ್ಯೋ ಪ್ರ್ಯುವೋ ಮೂಳೆ ಕಡಿಯುತ್ತ ಅದನ್ನೇ ಸಿಳ್ಳೆ ಹಾಕುತ್ತಿದ್ದ. ಒಂದು ದಿನ ಸೊಲಾಂಜಳಿಗೆ ತಡೆಯಲಾಗಲಿಲ್ಲ. ಬುಟ್ಟಿ ಕೆಳಗಿಟ್ಟು, ಅಂಗಡಿಯಲ್ಲಿದ್ದವರೆಲ್ಲರ ಮುಂದೆ, ಮೊದಲಿನಿಂದ ಕೊನೆಯವರೆಗೆ ಹಾಡಿದಳು. ಪ್ರ್ಯುವೋ ಕತ್ತಿ ಹಿಡಿದುಕೊಂಡೇ ಕೇಳಿ, ತಲೆ ಓಲಾಡಿಸಿದ.

“ಪರವಾಗಿಲ್ಲ ಮದಾಂ ಬಾರ್ಡೂ, ಚೆನ್ನಾಗೇ ಹಾಡ್ತೀರಿ. ಆದ್ರೆ ಬೇಜಾರ್ ಮಾಡ್ಕೋಬೇಡಿ, ಸೊರ್ವಿಲ್ ತರ ಬರಲ್ಲ ಬಿಡಿ.”

ಅವಳು ಮನೆಗೆ ಬಂದು ಇದನ್ನು ಹೇಳಿ, ಹೊಟ್ಟೆ ಹಿಡಿದುಕೊಂಡು ನಕ್ಕಳು. ಕೇಳಿದವರಿಗೆಲ್ಲ ಹೇಳಿ ನಕ್ಕಳು. ಒಂದು ಸಲ ಮಾತ್ರ, ಮಗುವಿನ ಬಟ್ಟೆ ಒಗೆಯುತ್ತಿದ್ದವಳು ಇದ್ದಕ್ಕಿದ್ದಂತೆ ಕೇಳಿದಳು: “ನಿಜ ಹೇಳು, ನಾನು ಪಿಕ್ಚರ್‌ನಲ್ಲಿರೋ ತರ ಹಾಡಲ್ವಾ?” ಲೆಯೊಂಸ್ ಹುಚ್ಚಿ ಎಂದ. ಅವಳು ಮತ್ತೆ ಕೇಳಲಿಲ್ಲ.

ಮುಂದಿನ ವಸಂತದಲ್ಲಿ ಹೊಟ್ಟೆನೋವೆಂದು ಮಲಗಿದಳು. ಏನೋ ತಿಂದದ್ದು ಜೀರ್ಣವಾಗಿಲ್ಲವೆಂದುಕೊಂಡರು. ಆಸ್ಪತ್ರೆಗೆ ಸೇರಿಸುವಷ್ಟರಲ್ಲಿ ಒಳಗೆ ಅಪೆಂಡಿಕ್ಸ್ ಎಂಬ ಕರುಳಿನ ಬಾಲ ಒಡೆದು ವಿಷವಾಗಿತ್ತು. ಸಾಯುವ ಮುಂಚೆ ಅವಳು ಏನೋ ಹೇಳಲು ಬಾಯಿ ತೆರೆದಳು, ದನಿ ಹೊರಡಲಿಲ್ಲ. ಒಡೀಲ್‌ಗೆ ಆಗ ಮೂರು ವರ್ಷ.

ಹೀಗೆ ಶುರುವಾಯಿತು ಅವನ ಸಿನಿಮಾ ಯಾತ್ರೆ. ಚಿತ್ರ ದೊಡ್ಡ ಥಿಯೇಟರುಗಳಿಂದ ಕೇರಿಯ ಥಿಯೇಟರುಗಳಿಗಿಳಿದು, ಅಲ್ಲಿಂದ ಊರಾಚೆಯ ಶೆಡ್ಡುಗಳಿಗೆ ಹೋಯಿತು. ಲೆಯೊಂಸ್ ಅದರ ಹಿಂದೆಯೇ ಹೋದ. ಪಾಂತಾಂ, ಇವ್ರಿ, ಸಾಂ-ದೆನಿ. ರೀಲು ಸವೆಯುತ್ತ ಬಂತು, ಹಾಡಿನ ನಡುವೆ ಚಟಚಟ ಮಳೆ ಬೀಳತೊಡಗಿತು. ಅವನು ದಿನವೆಲ್ಲ ಪೊಲೀಸ್ ಚಿತ್ರಗಳಿಗೂ ಹಾಸ್ಯಚಿತ್ರಗಳಿಗೂ ಸಂಗೀತ ಬರೆದು, ಬಿಡುವಾದ ಮಧ್ಯಾಹ್ನ ಹೋಗಿ ಕೂರುತ್ತಿದ್ದ. ಕೆಲಸಕ್ಕೇನೂ ಬರವಿರಲಿಲ್ಲ. ನಿರ್ಮಾಪಕರಿಗೆ ಅವನ ಒಂದೇ ಶರತ್ತು ವಿಚಿತ್ರವಾಗಿ ಕಾಣುತ್ತಿತ್ತು. “ವಯೊಲಿನ್ ಎಷ್ಟು ಬೇಕಾದ್ರೂ ಕೇಳಿ. ಹೆಂಗಸಿನ ದನಿ ಮಾತ್ರ ಕೇಳ್ಬೇಡಿ,” ಅನ್ನುತ್ತಿದ್ದ.

ಮೊದಮೊದಲು ಹಾಡು ಬಂದಾಗ ಕಣ್ಣು ಮುಚ್ಚಿಕೊಳ್ಳುತ್ತಿದ್ದ. ಬರಬರುತ್ತ ಕಣ್ಣು ತೆರೆದೇ ಕೂರತೊಡಗಿದ. ಅಲ್ಲಿಯೇ ಎಡವಟ್ಟಾದದ್ದು. ಒಂದು ಬೆಳಿಗ್ಗೆ ಗಡ್ಡ ಹೆರೆದುಕೊಳ್ಳುತ್ತ, ಸೊಲಾಂಜ್ ಹಾಸಿಗೆಯ ಮೇಲೆ ಕೂತು ತಲೆ ಬಾಚುತ್ತ ಹಾಡಿಕೊಳ್ಳುತ್ತಿದ್ದುದನ್ನು ನೆನೆದ. ನೆನಪಿನಲ್ಲಿ ಅವಳು ಬಾಯಿ ತೆರೆದಳು. ಹಲ್ಲು ಸಾಲಾಗಿ, ಸಂದಿಯಿಲ್ಲದೆ ಹೊಳೆಯುತ್ತಿತ್ತು. ಲೆಯೊಂಸ್ ಕತ್ತಿಯನ್ನು ನೀರಿಗೆ ಬಿಟ್ಟು, ಬೋಗುಣಿಯ ಅಂಚು ಹಿಡಿದು ನಿಂತ. ಮತ್ತೆ ಮತ್ತೆ ಪ್ರಯತ್ನಿಸಿದ. ಕಣ್ಣು ಸೊಲಾಂಜಳದು, ಹಣೆ ಅವಳದು. ಹಾಡಲು ಶುರುಮಾಡಿದರೆ ಬಾಯಿ ಎಡ್ಮೇಯದು. ಮನೆಯಲ್ಲಿದ್ದ ಫೋಟೋಗಳನ್ನು ನೋಡಲು ಅವನಿಗೆ ಧೈರ್ಯವಿರಲಿಲ್ಲ. ಅವನ್ನು ಅತ್ತೆ ಬೀರುವಿನೊಳಗಿಟ್ಟು ಬೀಗ ಹಾಕಿದ್ದಳು, ಅವನೇ ಕೇಳಿಕೊಂಡದ್ದರಿಂದ.

ಒಡೀಲ್‌ಗೆ ಆರು ತುಂಬಿದ ಚಳಿಗಾಲದಲ್ಲಿ, ಅತ್ತೆ ಸಂಧಿವಾತದಿಂದ ಏಳಲಾರದೆ ಮಲಗಿದ್ದ ಒಂದು ಗುರುವಾರ, ಮಗುವನ್ನೂ ಕರೆದುಕೊಂಡು ಸಿನಿಮಾಕ್ಕೆ ಹೋದ. ಮಗು ಸೀಟಿನಲ್ಲಿ ಕಾಲಾಡಿಸುತ್ತ ಮಿಠಾಯಿ ಚೀಪುತ್ತಿತ್ತು. ಹಾಡು ಎದ್ದಿತು. ಕಾಲು ನಿಂತಿತು. ಮೊದಲ ಚರಣ ಮುಗಿಯುವಷ್ಟರಲ್ಲಿ ಮಗು ಸೀಟಿನ ಮೇಲೆ ಎದ್ದು ನಿಂತು, ಪರದೆಯ ಕಡೆ ಎರಡೂ ಕೈ ಚಾಚಿ ಕೂಗಿತು:

“ಅಮ್ಮಾ!”

ಜನ ತಿರುಗಿ ನೋಡಿದರು. ಯಾರೋ ನಕ್ಕರು. ಮೂರು ವರ್ಷಕ್ಕೇ ತಾಯಿಯನ್ನು ಕಳೆದುಕೊಂಡ ಮಗುವಿಗೆ ಅವಳ ಮುಖ ಮರೆತಿತ್ತು. ದನಿ ಮರೆತಿರಲಿಲ್ಲ.

ಅಲ್ಲ ಮಗೂ, ಅದು ನಿನ್ನಮ್ಮ ಅಲ್ಲ ಅನ್ನಬೇಕಿತ್ತು. ಆದರೆ ಹಾಡುತ್ತಿದ್ದವಳು ಅವಳ ಅಮ್ಮನೇ ಆಗಿದ್ದಳು. ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡ.

ಕೆಲವು ದಿನಗಳ ಮೇಲೆ ಮಗುವಿನ ಹಾಸಿಗೆ ಕೊಡವುತ್ತಿದ್ದ ಅತ್ತೆಗೆ ದಿಂಬಿನ ಕೆಳಗೆ ಸಿನಿಮಾ ಪತ್ರಿಕೆಯಿಂದ ಕತ್ತರಿಸಿದ ಚಿತ್ರವೊಂದು ಸಿಕ್ಕಿತು. ಎಡ್ಮೇ ಸೊರ್ವಿಲ್, ತುಪ್ಪಳದ ಕೋಟಿನಲ್ಲಿ.

“ಇದ್ಯಾರೇ ಇವ್ಳು?”

“ನಮ್ಮಮ್ಮ.”

ಮುದುಕಿ ಆ ತುಂಡನ್ನು ಹಿಡಿದುಕೊಂಡು ಅಳಿಯನ ಕೋಣೆಗೆ ನುಗ್ಗಿದಳು.

“ನಾನು ಹೆತ್ತ ಮುಖ ಇದಲ್ಲ! ನೋಡಿ, ನೀವೇ ನೋಡಿ. ಇದಕ್ಕೆ ದಿನಾ ಮುತ್ತಿಡ್ತಾಳಂತೆ ನನ್ನ ಮೊಮ್ಮಗಳು. ಒಂದ್ಸಲ ಸತ್ತಿದ್ದು ಸಾಲ್ದಾ ನನ್ನ ಮಗಳು? ಇನ್ನೆಷ್ಟು ಸಲ ಸಾಯಿಸ್ತೀರಿ ಅಳಿಯಂದ್ರೇ?”

ಮರುದಿನ ಲೆಯೊಂಸ್ ನೊಜಾಂಗೆ ಹೋದ. ಮಾರ್ನ್ ನದಿಯ ದಂಡೆಯ ಮನೆಯೊಂದರಲ್ಲಿ ಎಡ್ಮೇ ಒಬ್ಬಳೇ ಇದ್ದಳು. ಬಾಗಿಲು ತೆಗೆದಾಗ ಅವಳ ಮುಖವನ್ನು ನೋಡಲಾರದೆ ಅವನು ಕಾಲಿನ ಚಪ್ಪಲಿ ನೋಡಿದ. ಅವಳು ಕಾಫಿ ಮಾಡಿದಳು. ಆ ಒರಟು ಕಂಠದಲ್ಲಿ ಕೇಳಿದಳು:

“ಮದಾಂ ಬಾರ್ಡೂ ಹೇಗಿದಾರೆ?”

ಅವಳಿಗೆ ಗೊತ್ತೇ ಇರಲಿಲ್ಲ. ಲೆಯೊಂಸ್ ಹೇಳಿದ. ಎಡ್ಮೇ ಬಟ್ಟಲು ಕೆಳಗಿಟ್ಟು ಗಂಟಲ ಮೇಲೆ ಕೈಯಿಟ್ಟುಕೊಂಡಳು, ತಾಗಿದ್ದು ಅಲ್ಲಿಗೇ ಎಂಬಂತೆ.

“ಮೂರು ವರ್ಷ ಆಯ್ತಾ… ನಿಮ್ಗೊಂದ್ ವಿಷ್ಯ ಹೇಳ್ಲಾ? ನಾನು ಅವ್ರನ್ನ ಬೈಕೊಂಡೇ ಇದ್ದೆ ಇಷ್ಟು ದಿನ. ಆ ಪಿಕ್ಚರ್ ಆದ್ಮೇಲೆ ಹೋದಲ್ಲೆಲ್ಲ ‘ಹಾಡಿ, ಹಾಡಿ’. ಇನ್ನೊಂದು ಪಿಕ್ಚರ್‌ನಲ್ಲಿ ಬೇರೆ ಯಾರದೋ ದನಿ ಹಾಕಿದ್ರು. ಜನ ‘ಸೊರ್ವಿಲ್ ಗಂಟ್ಲು ಹಾಳಾಗಿದೆ, ಕುಡೀತಾಳಂತೆ’ ಅಂದ್ರು. ಆಮೇಲೆ ಯಾರೂ ಕರೀಲಿಲ್ಲ. ಅವ್ರು ಎಲ್ಲೋ ಸುಖವಾಗಿ ಹಾಡ್ಕೊಂಡಿದಾರೆ, ನಾನಿಲ್ಲಿ ಅವ್ರ ದನಿಯ ಭಾರ ಹೊತ್ಕೊಂಡು ಮುಳುಗ್ತಿದೀನಿ ಅಂದ್ಕೊಂಡಿದ್ದೆ.” ಬಟ್ಟಲನ್ನು ಪಕ್ಕಕ್ಕೆ ಸರಿಸಿದಳು. “ನೀವು ಇಷ್ಟು ದೂರ ಕಾಫಿ ಕುಡಿಯೋಕ್ಕೆ ಬರ್ಲಿಲ್ಲ. ಏನಾಗ್ಬೇಕು ನನ್ನಿಂದ?”

ಮಗುವಿನ ವಿಷಯ ಹೇಳಿದ. ಎಡ್ಮೇ ಕಿಟಕಿಯಾಚೆ ನದಿಯನ್ನು ನೋಡುತ್ತ ಕೇಳಿಸಿಕೊಂಡಳು.

“ಭಾನುವಾರ ಬರ್ತೀನಿ,” ಅಂದಳು.

ಭಾನುವಾರ ಬಣ್ಣ ಹಚ್ಚಿಕೊಳ್ಳದೆ, ತಲೆಗೆ ಬಟ್ಟೆ ಕಟ್ಟಿಕೊಂಡು ಬಂದಳು. ಮದಾಂ ಗೊಬೇರ್ ಕುರಿಯ ತೊಡೆ ಬೇಯಿಸಿದ್ದಳು. ಅತಿಥಿ ಎಂಥವರಾದರೂ ಊಟಕ್ಕೆ ಕೊರತೆ ಮಾಡುವ ಹೆಂಗಸಲ್ಲ ಆಕೆ. ಆದರೆ ಬಾಗಿಲಲ್ಲಿ ಅಡ್ಡ ನಿಂತು ಮಾತನ್ನೂ ಬಿಡಲಿಲ್ಲ.

“ನನ್ನ ಮಗಳ ದನಿ ಹಾಕ್ಕೊಂಡು ಓಡಾಡೋರು ನೀವೇನಾ?”

“ಹೌದು ಮದಾಂ,” ಎಂದಳು ಎಡ್ಮೇ. “ವಾಪಸ್ ಕೊಡೋಕ್ಕೆ ಬಂದಿದೀನಿ.”

ಮುದುಕಿ ಪಕ್ಕಕ್ಕೆ ಸರಿದಳು.

ಒಡೀಲ್ ಮೇಜಿನ ಕೆಳಗೆ ಸೇರಿಕೊಂಡಿದ್ದಳು. ಹೊರಗೆ ಬಂದು, ಬಂದವಳ ಮುಖವನ್ನೇ ನೋಡುತ್ತ ನಿಂತಳು. ಎಡ್ಮೇ ಅವಳ ಮುಂದೆ ಮಂಡಿಯೂರಿ ಕೂತು, ಆ ಹಾಡನ್ನು ತನ್ನ ಸ್ವಂತ ಗಂಟಲಿನಲ್ಲಿ ಹಾಡಿದಳು. ಶ್ರುತಿ ಎಲ್ಲೋ, ದನಿ ಎಲ್ಲೋ. ಮೇಲಿನ ಸ್ವರದ ಹತ್ತಿರ ಕಂಠ ಒಡೆದು ಕೀರಲಾಯಿತು. ನಿಲ್ಲಿಸಲಿಲ್ಲ. ಸಾವಿರಾರು ಜನರ ಕಣ್ಣೆದುರು ನಿಂತ ಹೆಂಗಸು ಆ ಅಡುಗೆಮನೆಯಲ್ಲಿ ಒಂದು ಮಗುವಿನ ಎದುರು ಕೆಂಪಾಗಿ, ಬೆವರಿ, ಹಾಡನ್ನು ಕೊನೆಮುಟ್ಟಿಸಿದಳು.

“ನೀವಲ್ಲ,” ಎಂದಳು ಒಡೀಲ್.

“ನಾನಲ್ಲ ಪುಟ್ಟಾ.”

“ಮತ್ತೆ ಯಾಕೆ ಬಾಯಿ ಆಡಿಸ್ತಿದ್ರಿ?”

“ಅದೇ ಕೆಲಸ ಕೊಟ್ಟಿದ್ರು ನಂಗೆ.”

ಮುದುಕಿ ಬೀರು ತೆಗೆದು ಫೋಟೋ ತಂದಳು. ಮದುವೆಯ ದಿನದ್ದು, ಸೊಲಾಂಜ್ ಹಲ್ಲಿನ ಸಂದಿ ಕಾಣದಿರಲೆಂದು ತುಟಿ ಬಿಗಿದು ನಿಂತಿದ್ದಳು. ಲೆಯೊಂಸನೂ ಬಗ್ಗಿ ನೋಡಿದ. ಮಗು ಅದನ್ನು ಬೆಳಕಿಗೆ ಹಿಡಿದು, ಕಿವಿಗೂ ಹತ್ತಿರ ತಂದು ನೋಡಿ, ಹೇಳಿತು:

“ಇವ್ರು ಬಾಯಿ ಮುಚ್ಕೊಂಡಿದಾರೆ.”

ಊಟ ಮುಗಿದು ಹೊರಡುವ ಹೊತ್ತಿಗೆ ಮದಾಂ ಗೊಬೇರ್ ಉಳಿದ ಮಾಂಸವನ್ನು ಕಾಗದದಲ್ಲಿ ಸುತ್ತಿ ಎಡ್ಮೇಯ ಕೈಗಿಟ್ಟಳು. “ಮುಂದಿನ ವಾರ ಇಸ್ಪೀಟಾಡೋಕ್ಕೆ ಬರ್ತೀರೋ? ಇವ್ರಿಗೆ ಆಡೋಕ್ಕೆ ಬರಲ್ಲ,” ಎಂದು ಅಳಿಯನ ಕಡೆ ಗಲ್ಲ ತೋರಿಸಿದಳು.

ಎಡ್ಮೇ ಬರತೊಡಗಿದಳು. ಇಬ್ಬರು ಹೆಂಗಸರೂ ಇಸ್ಪೀಟಿನಲ್ಲಿ ಜಗಳವಾಡಿಕೊಂಡು ಸ್ನೇಹಿತೆಯರಾದರು. ಒಡೀಲ್ ಸೊಲಾಂಜಳ ಫೋಟೋವನ್ನು ಹಾಸಿಗೆಯ ಪಕ್ಕ ಇಟ್ಟುಕೊಂಡಳು. ಎಲ್ಲ ಸರಿಹೋದಂತೆ ಕಂಡಿತು. ಲೆಯೊಂಸ್ ಒಬ್ಬನನ್ನು ಬಿಟ್ಟು. ಈಗ ಆ ಬಾಯಿ ವಾರಕ್ಕೊಮ್ಮೆ ಅವನ ಮನೆಯಲ್ಲೇ ಇತ್ತು. ಅದು ರೊಟ್ಟಿ ತಿನ್ನುತ್ತಿತ್ತು, ಸಿಗರೇಟು ಸೇದುತ್ತಿತ್ತು, ಮೋಸ ಮಾಡಿದಿರೆಂದು ಅತ್ತೆಯೊಂದಿಗೆ ಕಾದಾಡುತ್ತಿತ್ತು. ಅವನು ತಟ್ಟೆ ನೋಡಿಕೊಂಡು ಉಣ್ಣುತ್ತಿದ್ದ. ನೋಡದಿದ್ದರೂ ನೋಡುತ್ತಿದ್ದ.

ಹಾಡಿನ ಮುದ್ರಣದ ತಟ್ಟೆಯೊಂದು ಅವನ ಬಳಿ ಉಳಿದಿತ್ತು. ಮೆದು ಅರಗಿನದು, ಪ್ರತಿ ಸಲ ಮುಳ್ಳು ಇಟ್ಟಾಗಲೂ ಒಂದಿಷ್ಟು ದನಿ ಕಿತ್ತುಕೊಂಡು ಹೋಗುತ್ತಿತ್ತು. ಹಾಗಾಗಿ ಅವನು ಅದನ್ನು ಹಾಕುತ್ತಿರಲಿಲ್ಲ. ಒಂದು ಭಾನುವಾರ ಮಧ್ಯಾಹ್ನ, ಅಜ್ಜಿ ಮೊಮ್ಮಗಳು ಪಾರ್ಕಿಗೆ ಹೋಗಿದ್ದಾಗ, ಎಡ್ಮೇ ಕಿಟಕಿಯ ಬಳಿ ಕೂತು ಅತ್ತೆಗಾಗಿ ಉಣ್ಣೆ ಬಿಡಿಸುತ್ತಿದ್ದಳು. ಲೆಯೊಂಸ್ ತಟ್ಟೆಯನ್ನು ಗ್ರಾಮೊಫೋನಿನ ಮೇಲಿಟ್ಟ.

“ಮದ್ಮಸೆಲ್ ಎಡ್ಮೇ, ಒಂದ್ಸಲ. ಒಂದೇ ಒಂದ್ಸಲ.”

ಅವಳಿಗೆ ಅರ್ಥವಾಯಿತು. ಉಣ್ಣೆಯನ್ನು ಮಡಿಲಿನಿಂದ ಇಳಿಸಿದಳು. ಬೇಡ ಅನ್ನುತ್ತಾಳೆಂದುಕೊಂಡ. ಅವಳು ಎದ್ದು ನಿಂತು, ತಲೆಗೂದಲು ಹಿಂದಕ್ಕೆ ತಳ್ಳಿ, ಆ ದಂಡೆಯ ಮೇಲೆ ನಿಂತಂತೆ ಬೆನ್ನು ನೆಟ್ಟಗೆ ಮಾಡಿದಳು.

ಮುಳ್ಳು ಕರಕರ ಅಂದಿತು. ಸೊಲಾಂಜ್ ಹಾಡಿದಳು. ಎಡ್ಮೇಯ ತುಟಿ ತೆರೆಯಿತು. ಮಧ್ಯಾಹ್ನದ ಬಿಸಿಲಿನಲ್ಲಿ, ಕೈ ಚಾಚಿದರೆ ಮುಟ್ಟುವಷ್ಟು ಹತ್ತಿರದಲ್ಲಿ, ಸತ್ತ ಹೆಂಡತಿ ಬದುಕಿರುವ ಬಾಯಿಂದ ಹಾಡುತ್ತಿದ್ದಳು. ಲೆಯೊಂಸ್ ತನಗೇ ತಿಳಿಯದೆ ಒಂದು ಹೆಜ್ಜೆ ಮುಂದಿಟ್ಟು, “ಸೊಲಾಂಜ್,” ಎಂದ.

ಎಡ್ಮೇ ಬಾಯಿ ಮುಚ್ಚಿದಳು.

ಹಾಡು ನಿಲ್ಲಲಿಲ್ಲ. ಉಸಿರು ಸುಯ್ಯೆಂದಿತು, ಎರಡನೆಯ ಚರಣ ಶುರುವಾಯಿತು. ಎಡ್ಮೇ ತುಟಿ ಬಿಗಿದು ನಿಂತಿದ್ದಳು, ಕಣ್ಣಲ್ಲಿ ನೀರಿಳಿಯುತ್ತಿತ್ತು. ದನಿ ಅವಳ ಸುತ್ತ, ಕುರ್ಚಿ ಮೇಜುಗಳ ಸುತ್ತ, ಎಲ್ಲೂ ನಿಲ್ಲದೆ ಸುತ್ತಾಡಿ ಮುಗಿಯಿತು.

“ನೋಡಿದ್ರಾ?” ಎಂದಳು. “ಅವ್ರಿಗೆ ನನ್ನ ಬಾಯಿ ಬೇಕಾಗಿಲ್ಲ. ನಿಮ್ಗೆ ಬೇಕು. ಇನ್ಮೇಲೆ ಕೇಳ್ಬೇಡಿ, ಮೆಸ್ಯೋ ಬಾರ್ಡೂ. ನಾನು ಬದುಕಿದೀನಿ.”

ಲೆಯೊಂಸ್ ಕುರ್ಚಿಯಲ್ಲಿ ಕೂತು ಮುಖ ಮುಚ್ಚಿಕೊಂಡ. ಅವಳು ಉಣ್ಣೆಯನ್ನು ಎತ್ತಿಕೊಂಡು ಉಂಡೆ ಸುತ್ತತೊಡಗಿದಳು. ಆ ನಾಚಿಕೆ ಅವನನ್ನು ಬಹಳ ಕಾಲ ಕಾಡಿತು. ಆದರೆ ಕೆಲವು ವಾರಗಳ ಮೇಲೆ, ಬಸ್ಸಿನಲ್ಲಿ ಕೂತಿದ್ದಾಗ, ಯಾವ ಕಾರಣವೂ ಇಲ್ಲದೆ ಸೊಲಾಂಜ್ ಅವನ ಕಣ್ಣ ಮುಂದೆ ನಕ್ಕಳು, ಹಲ್ಲಿನ ಸಂದಿ ಕಾಣುವಂತೆ. ಅವನು ಇಳಿಯುವ ಸ್ಟಾಪು ತಪ್ಪಿ ಹೋಯಿತು.

ಆ ಚಿತ್ರವನ್ನು ನೋಡಲು ಅವನು ಮತ್ತೆ ಹೋಗಲಿಲ್ಲ. ಹೋಗಬೇಕೆಂದರೂ ಆಗುತ್ತಿರಲಿಲ್ಲ. ಬೇಗ ಬೆಂಕಿ ಹಿಡಿಯುವ ಹಳೆಯ ರೀಲುಗಳನ್ನು ಥಿಯೇಟರಿನಲ್ಲಿ ಓಡಿಸಬಾರದೆಂದು ಆಗಿ, ಎಷ್ಟೋ ಚಿತ್ರಗಳ ಜೊತೆ ಅದೂ ಕಾಣದಾಯಿತು. ಎಡ್ಮೇ ಲಿಯೊನ್ನಿನ ಕೊಡೆ ವ್ಯಾಪಾರಿಯೊಬ್ಬನನ್ನು ಮದುವೆಯಾಗಿ ಹೋದಳು. ಹೊಸವರ್ಷಕ್ಕೆ ಅತ್ತೆಗೆ ಕೊಡೆ ಕಳಿಸುತ್ತಿದ್ದಳು, ಅತ್ತೆ ಸಾಯುವವರೆಗೂ. ಚಿತ್ರರಂಗಕ್ಕೆ ಹೊಸ ಹುಡುಗರು ಬಂದರು. ಅವರಿಗೆ ಬೇಕಾದದ್ದು ಜಾಝ್, ಇಲ್ಲವೇ ಬೀದಿಯ ಸದ್ದು. ಲೆಯೊಂಸನ ವಯೊಲಿನ್‌ಗಳು ಬೇಕಿರಲಿಲ್ಲ. ಅವನು ಪಾಂತಾಂನ ಪುರಸಭೆಯ ಸಂಗೀತಶಾಲೆಯಲ್ಲಿ ಪಾಠ ಹೇಳಲು ಸೇರಿದ. ಅಲ್ಲಿ ಹೆಣ್ಣುಮಕ್ಕಳ ಮೇಳಕ್ಕೆಂದು ಒಂದೆರಡು ಹಾಡುಗಳನ್ನೂ ಬರೆದ. ಬಹಳ ವರ್ಷಗಳ ಮೇಲೆ ಹೆಣ್ಣಿನ ದನಿಗೆ ಬರೆದದ್ದು ಅದೇ.

ಅವನಿಗೆ ಅರವತ್ತಾದ ವರ್ಷ, ಬ್ರಿಟನಿಯ ಯಾವುದೋ ಪಾದ್ರಿಯ ಸಭಾಂಗಣದ ಅಟ್ಟದಲ್ಲಿ ಆ ಚಿತ್ರದ ಒಂದು ಪ್ರತಿ ಸಿಕ್ಕಿತಂತೆ. ಪ್ಯಾರಿಸ್ಸಿನ ಚಿತ್ರಸಂಘವೊಂದು ಅದನ್ನು ತೋರಿಸಿ, ಸಂಗೀತ ಬರೆದವನನ್ನೂ ಕರೆಯಿತು. ಒಡೀಲ್ ಅಷ್ಟರಲ್ಲಿ ಆಸ್ಪತ್ರೆಯಲ್ಲಿ ಎಕ್ಸ್-ರೇ ತೆಗೆಯುವ ಕೆಲಸದಲ್ಲಿದ್ದಳು. ತನ್ನ ಕಾರಿನಲ್ಲಿ ತಂದೆಯನ್ನು ಕರೆದುಕೊಂಡು ಹೋದಳು. ಹಾಡು ಬಂದಾಗ ಅವಳು ಕಣ್ಣು ಮುಚ್ಚಿಕೊಂಡಳು. ಲೆಯೊಂಸ್ ಪರದೆಯನ್ನು ನೋಡದೆ ಅವಳನ್ನು ನೋಡುತ್ತಿದ್ದ.

ಚಿತ್ರ ಮುಗಿದ ಮೇಲೆ ಎರಡು ಮಾತಾಡಿ ಎಂದರು. ಅವನು ಎದ್ದು ನಿಂತು ಹೇಳಿದ: “ಹಾಡಿದ್ದು ಎಡ್ಮೇ ಸೊರ್ವಿಲ್ ಅಲ್ಲ. ಸೊಲಾಂಜ್ ಗೊಬೇರ್ ಅಂತ. ನನ್ನ ಹೆಂಡತಿ.”

ಗುಸುಗುಸು ಎದ್ದಿತು. ಹಿಂದಿನ ಸಾಲಿನಿಂದ ನಡುವಯಸ್ಸಿನವನೊಬ್ಬ ಕೈಯೆತ್ತಿದ.

“ಕ್ಷಮಿಸಿ ಮೆಸ್ಯೋ, ನಿಮ್ಗೆ ಮರೆತಿರ್ಬೇಕು. ನಮ್ಮೂರು ನಾಂತ್. ಐವತ್ತನೇ ಇಸವಿ ಬೇಸಿಗೇಲಿ ಬಂದರಿನ ಹತ್ರದ ನಾಟಕಶಾಲೇಲಿ ಸೊರ್ವಿಲ್ ಅವ್ರೇ ನಿಂತು ಇದನ್ನ ಹಾಡಿದ್ರು. ನಮ್ಮಮ್ಮ ಮುಂದಿನ ಸಾಲಲ್ಲಿ ಕೂತು ಕಣ್ಣಾರೆ ನೋಡಿದಾರೆ, ಕಿವಿಯಾರೆ ಕೇಳಿದಾರೆ. ಸಾಯೋವರ್ಗೂ ಅದನ್ನೇ ಹೇಳ್ತಿದ್ರು.”

ಐವತ್ತನೇ ಇಸವಿ. ಸೊಲಾಂಜ್ ಸತ್ತು ಒಂದು ವರ್ಷವಾಗಿತ್ತು. ಎಡ್ಮೇ ಯಾವತ್ತೂ ಯಾವ ವೇದಿಕೆಯ ಮೇಲೂ ಹಾಡಿರಲಿಲ್ಲ. ತಂದೆ ಸಿಡಿದೇಳುತ್ತಾನೆಂದು ಒಡೀಲ್ ಅವನ ತೋಳು ಹಿಡಿದಳು. ಲೆಯೊಂಸ್ ಸಿಡಿದೇಳಲಿಲ್ಲ. ಮೆಲ್ಲಗೆ ಕೇಳಿದ:

“ಇದೇ ದನೀಲಾ?”

“ಇದೇ ದನಿ.”

“ಏನ್ ಉಟ್ಟಿದ್ರಂತೆ?”

“ಹಸಿರು ಬಣ್ಣದ್ದು ಏನೋ. ಸಾದಾ ಬಟ್ಟೆ.”

“ಹಾಡಿದ್ಮೇಲೆ ಎಲ್ಲಿಗ್ ಹೋದ್ರು?”

ಜನ ಮುಖ ಮುಖ ನೋಡಿಕೊಂಡರು. ಒಡೀಲ್ ಅವನನ್ನು ಮೆಲ್ಲಗೆ ಕೂರಿಸಿದಳು. ಕಾರು ಮನೆಯ ಹತ್ತಿರ ಬಂದಾಗ ಅವನು, “ನಾಂತ್‌ ಕಡೆ ನಾನು ಯಾವತ್ತೂ ಹೋಗೇ ಇಲ್ಲ,” ಅಂದ.

“ಅಲ್ಲೇನಿದೆ ಪಪ್ಪಾ?”

“ಏನೂ ಇಲ್ಲ.”

ಆದರೂ ಹೋದ. ಯಾರಿಗೂ ಹೇಳದೆ, ಮುಂದಿನ ವಾರವೇ, ಬೆಳಗಿನ ರೈಲಿಗೆ. ಬಂದರಿನ ಬೀದಿಗಳಲ್ಲಿ ಆ ನಾಟಕಶಾಲೆಯನ್ನು ಕೇಳಿಕೊಂಡು ತಿರುಗಿದ. ಅದಿದ್ದ ಜಾಗದಲ್ಲಿ ಈಗ ಚಪ್ಪಲಿ ಅಂಗಡಿಯಿತ್ತು. ಯುದ್ಧದ ನಡುವೆಯೇ, ಬಾಂಬು ಬಿದ್ದ ದಿನವೇ ನಾಟಕಶಾಲೆ ನೆಲಸಮವಾಗಿತ್ತು, ಆಮೇಲೆ ಕಟ್ಟಲೇ ಇಲ್ಲ ಎಂದು ಅಂಗಡಿಯ ಹೆಂಗಸು ಹೇಳಿದಳು. ಐವತ್ತರಲ್ಲಿ ಅಲ್ಲಿ ಇದ್ದದ್ದು ಬೇಲಿ ಹಾಕಿದ ಗುಂಡಿ, ಒಳಗೆ ನೀರು.

ಸಂಜೆ ಮಗಳ ಮನೆಗೆ ಬಂದು ಇದನ್ನೆಲ್ಲ ಹೇಳಿದ. ಗುಂಡಿಯ ವಿಷಯ ಹೇಳುವಾಗ ನಕ್ಕ ಕೂಡ. ಆ ನಗು ಸಮಾಧಾನದ್ದೋ ಅಲ್ಲವೋ ಒಡೀಲ್‌ಗೆ ತಿಳಿಯಲಿಲ್ಲ. ಅವನ ಕೋಟಿನ ಜೇಬಿನಲ್ಲಿ ನಾಂತ್‌ನ ಬೆಣ್ಣೆ ಬಿಸ್ಕತ್ತಿನ ಪೊಟ್ಟಣವಿತ್ತು. ರೈಲಿನಲ್ಲಿ ಅದುಮಿಹೋಗಿ ಪುಡಿಯಾಗಿತ್ತು. ಅವಳು ಎರಡು ಬಟ್ಟಲು ಕಾಫಿ ತಂದಳು. ಇಬ್ಬರೂ ಪುಡಿಯನ್ನು ಚಮಚದಲ್ಲಿ ಎತ್ತಿಕೊಂಡು ತಿಂದರು.